ನೆಲ ಮೊದಲು ಹೇಗಿತ್ತು?

ಈಚೆಗೆ ಒಂದು ಭಾನುವಾರ ಸಂಜೆ ಯಶವಂತಪುರದ ಕಡೆಯ ಸಣ್ಣ ಸಭಾಂಗಣವೊಂದರಲ್ಲಿ ಹಳೆಯ ಸಾಕ್ಷ್ಯಚಿತ್ರವನ್ನು ತೋರಿಸುತ್ತಾರೆಂದು ಮಿತ್ರರೊಬ್ಬರು ಹೇಳಿ ಕಳುಹಿಸಿದರು. ತಾರಾಪುರದ ಪರಮಾಣು ವಿದ್ಯುತ್ ಕೇಂದ್ರವನ್ನು ಕಟ್ಟಿದ ಬಗೆ ಅದರಲ್ಲಿದೆಯಂತೆ. ನನಗೆ ಅಣುವಿನ ವಿಷಯ ಎಷ್ಟು ತಿಳಿದಿದೆಯೋ ಅಷ್ಟೇ ನನ್ನಾಕೆಗೂ ತಿಳಿದಿದೆ. ಎಂದರೆ ಇಬ್ಬರಿಗೂ ತಿಳಿಯದು. ಆದರೂ ಹೊರಟೆವು. ಎಪ್ಪತ್ತು ದಾಟಿದ ದಂಪತಿಗಳು ಭಾನುವಾರ ಸಂಜೆ ಮನೆಯಲ್ಲಿ ಕುಳಿತು ಒಬ್ಬರ ಕೆಮ್ಮನ್ನು ಒಬ್ಬರು ಕೇಳುವುದಕ್ಕಿಂತ ಇದು ಮೇಲು. ಆರ್.ಟಿ. ನಗರದಿಂದ ಬಸ್ಸು ಹಿಡಿದು, ಮೇಖ್ರಿ ವೃತ್ತದಲ್ಲಿ ಅರ್ಧ ಗಂಟೆ ನಿಂತು, ಹೇಗೋ ಹೊತ್ತಿಗೆ ಸರಿಯಾಗಿ ಮುಟ್ಟಿದೆವು. ಮೂವತ್ತು ಕುರ್ಚಿ ಹಾಕಿದ್ದರು; ಬಂದವರು ಹದಿನಾಲ್ಕು ಮಂದಿ. ಅವರಲ್ಲಿ ಇಬ್ಬರು ಚಹಾ ಕೊಡುವವರು.

ಇಂಥ ಚಿತ್ರಗಳ ಮೇಲೆ ನನಗೆ ಹಳೆಯ ಮಮತೆಯುಂಟು. ನಾನು ಹುಡುಗನಾಗಿದ್ದಾಗ ಯಲಹಂಕದಲ್ಲಿ ಡೇರೆ ಸಿನೆಮಾ ಬರುತ್ತಿತ್ತು. ನೆಲದ ಟಿಕೆಟ್ಟಿನವರು ಮರಳನ್ನು ಗುಡ್ಡೆ ಮಾಡಿ ಅದರ ಮೇಲೆ ಕೂರಬೇಕು. ಮುಖ್ಯಚಿತ್ರಕ್ಕೆ ಮೊದಲು ಸರ್ಕಾರದ ಫಿಲ್ಮ್ಸ್ ಡಿವಿಜನ್ನಿನ ವಾರ್ತಾಚಿತ್ರವನ್ನೋ ಸಾಕ್ಷ್ಯಚಿತ್ರವನ್ನೋ ತೋರಿಸುವುದು ಆಗ ಕಡ್ಡಾಯ. ಪ್ರದರ್ಶಕರು ಗೊಣಗುತ್ತಲೇ ತೋರಿಸುತ್ತಿದ್ದರು. ದೊಡ್ಡವರು ಆ ಹೊತ್ತಿಗೆ ಸರಿಯಾಗಿ ಬೀಡಿ ಸೇದಲು ಹೊರಗೆ ಹೋಗುತ್ತಿದ್ದರು. ನಾವು ಹುಡುಗರು ಮಾತ್ರ ಕಣ್ಣು ಮಿಟುಕಿಸದೆ ನೋಡುತ್ತಿದ್ದೆವು. ಯಾವ ಚಿತ್ರವಾದರೂ ಅದರಲ್ಲಿ ಒಂದು ಅಣೆಕಟ್ಟು ಇದ್ದೇ ಇರುತ್ತಿದ್ದುದರಿಂದ ಎಲ್ಲಕ್ಕೂ ‘ಡ್ಯಾಮು ಚಿತ್ರ’ ಎಂದೇ ಹೆಸರಿಟ್ಟಿದ್ದೆವು. ಭಕ್ರಾ, ಹಿರಾಕುಡ್, ಭಿಲಾಯಿ! ಈ ಹೆಸರುಗಳು ನನಗೆ ಭೂಗೋಳದ ಪಾಠದಿಂದ ಬಂದವಲ್ಲ. ಯಲಹಂಕದ ಡೇರೆಯ ಮರಳಿನಿಂದ ಬಂದವು. ಗಂಭೀರ ಕಂಠದ ವಿವರಣೆಕಾರನೊಬ್ಬ ಹಿಂದಿನಿಂದ ಮಾತನಾಡುತ್ತಿದ್ದ. ಅವನ ಧ್ವನಿಯಲ್ಲಿ ಯಾವ ಸಂದೇಹವೂ ಇರುತ್ತಿರಲಿಲ್ಲ. ದೇಶ ಎಂದರೆ ಆ ಧ್ವನಿಯೇ ಎಂದು ನಾನು ಬಹುಕಾಲ ನಂಬಿದ್ದೆ.

ಅಂದಿನ ಚಿತ್ರದಲ್ಲೂ ಅದೇ ಧ್ವನಿ. ಸುಮಾರು ಇಪ್ಪತ್ತು ನಿಮಿಷ. ಸಮುದ್ರದ ಅಂಚು, ಸಮತಟ್ಟಾದ ನೆಲ, ಆ ನೆಲದಲ್ಲಿ ಮೊದಲ ಗುಂಡಿ. ಆಮೇಲೆ ಕಬ್ಬಿಣದ ಕಂಬಿಗಳ ಕಾಡು; ಸಾಲುಸಾಲಾಗಿ ಬಾಂಡ್ಲಿ ಹೊತ್ತು ಏಣಿಯೇರುವ ಹೆಂಗಸರು; ಬರಿಗಾಲು. ಅವರ ಹಿನ್ನೆಲೆಯಲ್ಲೇ ತಲೆಗೆ ಶಿರಸ್ತ್ರಾಣ ತೊಟ್ಟು ನಕ್ಷೆ ಹರಡಿಕೊಂಡ ಎಂಜಿನಿಯರುಗಳು, ಒಬ್ಬಿಬ್ಬರು ಬಿಳಿಯರು. ತಾರಾಪುರದ ಎರಡು ಸ್ಥಾವರಗಳನ್ನು ಕಟ್ಟಿಕೊಟ್ಟದ್ದು ಅಮೆರಿಕದ ಜನರಲ್ ಎಲೆಕ್ಟ್ರಿಕ್ ಕಂಪೆನಿ. ಒಪ್ಪಂದವಾದದ್ದು 1963ರಲ್ಲಿ, 1969ರ ಅಕ್ಟೋಬರಿನಲ್ಲಿ ಕೇಂದ್ರ ವಿದ್ಯುತ್ತನ್ನು ಮಾರತೊಡಗಿತು. ನಮ್ಮ ದೇಶದ ಮೊದಲನೆಯ ಪರಮಾಣು ವಿದ್ಯುತ್ ಕೇಂದ್ರ ಅದೇ. ಚಿತ್ರದ ಕೊನೆಯಲ್ಲಿ ನಿಯಂತ್ರಣ ಕೊಠಡಿ. ಒಬ್ಬ ತರುಣ ಗುಂಡಿಯೊಂದನ್ನು ತಿರುಗಿಸುತ್ತಾನೆ. ಮುಳ್ಳು ನಡುಗುತ್ತ ಮೇಲೇರುತ್ತದೆ. ಎಲ್ಲಿಯೋ ಒಂದು ಮನೆಯಲ್ಲಿ ದೀಪ ಹತ್ತಿಕೊಳ್ಳುತ್ತದೆ.

ಮುಚ್ಚುಮರೆಯಿಲ್ಲದೆ ಹೇಳುತ್ತೇನೆ, ನನ್ನ ಗಂಟಲು ಕಟ್ಟಿತು. ನಾನು ಜಾಲಹಳ್ಳಿ ಕಡೆಯ ಒಂದು ಕಾರ್ಖಾನೆಯಲ್ಲಿ ಮೂವತ್ತನಾಲ್ಕು ವರ್ಷ ಲೆಕ್ಕಪತ್ರ ಬರೆದವನು. ಕಬ್ಬಿಣವನ್ನು ಮುಟ್ಟಿದವನಲ್ಲ, ಆದರೆ ಕಬ್ಬಿಣವನ್ನು ಮುಟ್ಟುವವರ ಮಧ್ಯೆ ಬದುಕಿದವನು. ಜನ ಒಟ್ಟಾಗಿ ಸೇರಿ ಒಬ್ಬೊಬ್ಬರಿಂದ ಆಗದ ಕೆಲಸವನ್ನು ಮಾಡಿ ಮುಗಿಸುವುದಕ್ಕಿಂತ ಚೆಲುವಾದ ದೃಶ್ಯ ಇನ್ನೊಂದಿಲ್ಲವೆಂದು ಇಂದಿಗೂ ನನ್ನ ಎಣಿಕೆ. ದೀಪ ಹತ್ತಿದಾಗ ಹಿಂದಿನ ಸಾಲಿನಲ್ಲಿ ಯಾರೋ ಚಪ್ಪಾಳೆ ತಟ್ಟಿದರು. ನಾನೂ ಕೈಯೆತ್ತಿದ್ದೆ.

ಆಗ ನನ್ನಾಕೆ ಬಗ್ಗಿ ಮೆಲ್ಲನೆ ಕೇಳಿದಳು: “ಅಲ್ಲ, ಆ ನೆಲ ಮೊದಲು ಹೇಗಿತ್ತು?”

ನಾನು, “ಯಾವ ನೆಲ?” ಎಂದೆ.

“ಗುಂಡಿ ತೋಡಿದರಲ್ಲ, ಅದು. ಅದಕ್ಕೆ ಮೊದಲು.”

ಈ ಪ್ರಶ್ನೆ ಅವಳಿಗೆ ಏಕೆ ಹೊಳೆಯಿತೆಂದು ನಾನು ಹೇಳಬೇಕು. ಅವಳು ಹುಟ್ಟಿದ ಊರು ಈಗ ಇಲ್ಲ. ಶರಾವತಿಗೆ 1964ರಲ್ಲಿ ಲಿಂಗನಮಕ್ಕಿಯ ಅಣೆಕಟ್ಟು ಮುಗಿದಾಗ ಮುಳುಗಿದ ಊರುಗಳಲ್ಲಿ ಅವಳದೂ ಒಂದು. ಆಗ ಅವಳಿಗೆ ಎಂಟು ವರ್ಷ. ಲಾರಿಯಲ್ಲಿ ಸಾಮಾನು ಹೇರುವಾಗ ಅವಳಜ್ಜಿ ಒಲೆಯ ಮೂರು ಗುಂಡನ್ನೂ ಕಿತ್ತು ತರಬೇಕೆಂದು ಹಟ ಹಿಡಿದರಂತೆ, ಲಾರಿಯವನು ಒಪ್ಪಲಿಲ್ಲವಂತೆ. ಇಷ್ಟನ್ನು ಮದುವೆಯಾದ ಹೊಸದರಲ್ಲಿ ಒಮ್ಮೆ ಹೇಳಿದ್ದಳು. ಆ ಕಡೆ ಒಂದು ವಿಚಿತ್ರವುಂಟು. ಶರಾವತಿಗೇ ಹಿಂದೆ ಹಿರೇಭಾಸ್ಕರದಲ್ಲಿ ಇನ್ನೊಂದು ಅಣೆಕಟ್ಟು ಕಟ್ಟಿದ್ದರು. ಲಿಂಗನಮಕ್ಕಿಯ ನೀರು ಏರಿದಾಗ ಅದೂ ಮುಳುಗಿತು. ಮಳೆ ಕೈಕೊಟ್ಟ ಬೇಸಗೆಯಲ್ಲಿ ನೀರಿಳಿದರೆ ಮಡೆನೂರಿನ ಬಳಿ ಆ ಹಳೆಯ ಕಟ್ಟೆ ಮೇಲೆ ಕಾಣುತ್ತದೆ. ಅಣೆಕಟ್ಟನ್ನೇ ಅಣೆಕಟ್ಟು ನುಂಗಿದ ಆ ಜಾಗವನ್ನು ನೋಡಲು ಜನ ಹೋಗುತ್ತಾರೆ, ಪತ್ರಿಕೆಗಳಲ್ಲಿ ಚಿತ್ರ ಬರುತ್ತದೆ. ನನ್ನಾಕೆ ಒಮ್ಮೆಯೂ ಹೋಗಲಿಲ್ಲ.

ಅವಳ ಪ್ರಶ್ನೆಗೆ ಚಿತ್ರದಲ್ಲಿ ಉತ್ತರವಿರಲಿಲ್ಲ. ನೆನಪು ಮಾಡಿಕೊಂಡು ನೋಡಿದರೆ, ನಾನು ಚಿಕ್ಕಂದಿನಲ್ಲಿ ಕಂಡ ಯಾವ ಡ್ಯಾಮು ಚಿತ್ರದಲ್ಲಿಯೂ ಇರಲಿಲ್ಲ. ಈ ಬಗೆಯ ಚಿತ್ರಗಳೆಲ್ಲ ಬರಿಯ ನೆಲದಿಂದ ಪ್ರಾರಂಭವಾಗುತ್ತವೆ. ಸೃಷ್ಟಿಯ ಮೊದಲನೆಯ ದಿನದಂತೆ ಅಲ್ಲಿ ಏನೂ ಇರುವುದಿಲ್ಲ. ಆಮೇಲೆ ಮನುಷ್ಯ ಬಂದು ಎಲ್ಲವನ್ನೂ ಉಂಟುಮಾಡುತ್ತಾನೆ. ಆದರೆ ಕ್ಯಾಮೆರಾ ಬರುವುದಕ್ಕೆ ಹಿಂದಿನ ವರ್ಷ ಅಲ್ಲಿ ಯಾರಾದರೂ ಬಲೆ ಒಣಹಾಕಿರಬಹುದು, ಹುಲ್ಲು ಕೊಯ್ದಿರಬಹುದು. ತಾರಾಪುರದಲ್ಲೇ ಮೂರನೆಯ ಮತ್ತು ನಾಲ್ಕನೆಯ ಸ್ಥಾವರಗಳಿಗಾಗಿ ಅಕ್ಕರ್‌ಪಟ್ಟಿ, ಪೋಫರಣ ಎಂಬ ಎರಡು ಹಳ್ಳಿಗಳನ್ನು ಈ ಶತಮಾನದಲ್ಲಿ ಎಬ್ಬಿಸಿದರು. ಆ ಜನ ಪರಿಹಾರಕ್ಕಾಗಿ ನ್ಯಾಯಾಲಯದ ಮೆಟ್ಟಿಲು ಹತ್ತಿದರು.

ನಮ್ಮ ಹಿರಿಯರು ಈ ವಿಷಯದಲ್ಲಿ ಹೇಗಿದ್ದರು ಎಂದು ಯೋಚಿಸಿದೆ. ಅವರೂ ಕಟ್ಟಿದವರೇ. ನಾನಿರುವ ಕಡೆಯ ಹೆಬ್ಬಾಳದ ಕೆರೆ ಕೆಂಪೇಗೌಡರ ಕಾಲದ್ದೆಂದು ಪ್ರತೀತಿ. ಕೆರೆ ಕಟ್ಟಿದರೆ ಯಾರದೋ ಹೊಲ ಮುಳುಗಲೇಬೇಕು. ಆದರೆ ಕಟ್ಟಿದ ಕಥೆಯನ್ನು ಹೇಳುವಾಗ ಅವರು ಬರಿಯ ನೆಲದಿಂದ ಪ್ರಾರಂಭಿಸಲಿಲ್ಲ. ‘ಕೆರೆಗೆ ಹಾರ’ದ ಭಾಗೀರಥಿಯನ್ನು ನೋಡಿ. ಕಟ್ಟಿಸಿದ ಗೌಡನ ಹೆಸರನ್ನು ಮರೆತವರಿಗೂ ಕೆರೆಗೆ ಆಹುತಿಯಾದ ಕಿರಿಯ ಸೊಸೆಯ ಹೆಸರು ನೆನಪಿದೆ. ಬೆಂಗಳೂರಿನ ಕೋಟೆಯ ಬಾಗಿಲು ನಿಲ್ಲಲೆಂದು ಪ್ರಾಣ ಕೊಟ್ಟಳೆಂದು ಹೇಳುವ ಕೆಂಪೇಗೌಡರ ಸೊಸೆ ಲಕ್ಷ್ಮಮ್ಮನ ಕಥೆಯೂ ಅಂಥದೇ; ಕೋರಮಂಗಲದಲ್ಲಿ ಅವಳ ಗುಡಿಯಿದೆ. ಹಾಡು ಆ ಕಾಲದ ಸಾಕ್ಷ್ಯಚಿತ್ರವೆಂದರೆ, ಅದು ತೆತ್ತವಳನ್ನೇ ನಡುವೆ ನಿಲ್ಲಿಸಿತು.

ಹೀಗೆಂದುಕೊಂಡು ನನಗೆ ಸ್ವಲ್ಪ ಹೆಮ್ಮೆಯೂ ಆಯಿತು. ಆದರೆ ಅದು ಬಹಳ ಹೊತ್ತು ನಿಲ್ಲಲಿಲ್ಲ. ಹಾಡು ಅವಳನ್ನು ನೆನೆಯಿತು, ಸರಿ. ಹಾರವಾಗಬೇಕಾದವಳು ಯಾರೆಂದು ನಿರ್ಧರಿಸಿದವರು ಯಾರು? ಮನೆಯ ಹಿರಿಯರು, ಅವಳನ್ನು ಬಿಟ್ಟು ಉಳಿದ ಎಲ್ಲರೂ ಕುಳಿತು. ಅವಳು ಬಾಯಿಬಿಡದೆ ಒಪ್ಪಿದಳೆಂಬುದೇ ಅವಳ ಹಿರಿಮೆಯಾಯಿತು. ಕೊಂದವರೇ ಗುಡಿ ಕಟ್ಟಿಸಿ ಕಾಯಿ ಒಡೆದರೆ ಅದು ಪಶ್ಚಾತ್ತಾಪವೋ, ಇನ್ನೂ ಜಾಣತನದ ಮರೆಮಾಚುವಿಕೆಯೋ ನನಗೆ ಬಗೆಹರಿಯದು. ಚಿತ್ರದವರು ಮರೆತರು, ಹಾಡಿನವರು ಪೂಜಿಸಿದರು. ಕೇಳಿದವರು ಮಾತ್ರ ಯಾರೂ ಇಲ್ಲ.

ಬೆಂಗಳೂರಿನವರಾದ ನಮಗೆ ಈ ಜಿಜ್ಞಾಸೆ ಎಂದೂ ಅಷ್ಟಾಗಿ ಕಾಡಿದ್ದಿಲ್ಲ. ಕಾರಣ ಸ್ಪಷ್ಟ: ನಮ್ಮ ದೀಪ ಯಾವಾಗಲೂ ದೂರದಿಂದ ಬಂದದ್ದು. ಶಿವನಸಮುದ್ರದ ವಿದ್ಯುತ್ತು 1902ರಲ್ಲಿ ಕೋಲಾರದ ಚಿನ್ನದ ಗಣಿಗೆ ಹೋಯಿತು, 1905ರಲ್ಲಿ ನಮ್ಮೂರಿಗೆ ಬಂತು. ಆಮೇಲೆ ಜೋಗ, ಶರಾವತಿ, ಕಾಳಿ, ರಾಯಚೂರಿನ ಕಲ್ಲಿದ್ದಲು. ಯಲಹಂಕದ ಮಗ್ಗುಲಿಗೆ ಮಾತ್ರ 1990ರ ದಶಕದಲ್ಲಿ ಒಂದು ಡೀಸೆಲ್ ವಿದ್ಯುತ್ ಕೇಂದ್ರ ಬಂತು. ಈಗ ಆ ಜಾಗದಲ್ಲಿ ಅನಿಲದಿಂದ ನಡೆಯುವ 370 ಮೆಗಾವಾಟಿನ ಸ್ಥಾವರ ನಿಂತಿದೆ. ಉಳಿದಂತೆ ಗುಂಡಿ ಒತ್ತುವುದಷ್ಟೇ ನಮ್ಮ ಪಾಲಿನ ಶ್ರಮ.

ಆದರೂ ಪರಮಾಣುವಿಗೂ ನಮ್ಮೂರಿನ ಉತ್ತರ ಭಾಗಕ್ಕೂ ಹತ್ತಿರದ ನಂಟಿದೆ. ಹೋಮಿ ಭಾಭಾ 1939ರಲ್ಲಿ ರಜೆಗೆಂದು ಬಂದು, ಯುದ್ಧ ಪ್ರಾರಂಭವಾಗಿ ಹಿಂದಿರುಗಲಾರದೆ, ಯಶವಂತಪುರದ ಪಕ್ಕದ ವಿಜ್ಞಾನ ಮಂದಿರವನ್ನು ಸೇರಿದರು. ಪರಮಾಣುವಿನಿಂದ ವಿದ್ಯುತ್ತು ತೆಗೆಯುವ ಕಾಲಕ್ಕೆ ನಮ್ಮ ದೇಶ ತಜ್ಞರಿಗಾಗಿ ಪರದೇಶವನ್ನು ನೋಡಬೇಕಾಗಬಾರದೆಂದು ಅವರು ಟಾಟಾ ಧರ್ಮನಿಧಿಗೆ ಕಾಗದ ಬರೆದದ್ದು 1944ರ ಮಾರ್ಚಿಯಲ್ಲಿ. ಅದರ ಫಲವಾಗಿ ಹುಟ್ಟಿದ ಮೂಲಭೂತ ಸಂಶೋಧನಾ ಸಂಸ್ಥೆ 1945ರ ಜೂನಿನಲ್ಲಿ ಕೆಲಸ ಪ್ರಾರಂಭಿಸಿದ್ದು ಈ ಆವರಣದಲ್ಲೇ. ವರ್ಷದ ಕೊನೆಗೆ ಮುಂಬಯಿಗೆ ಹೋಯಿತು. ಎಂದರೆ ಹಿರೋಷಿಮಾಕ್ಕೆ ಇನ್ನೂ ಎರಡು ತಿಂಗಳಿರುವಾಗ, ಆ ಶಕ್ತಿಯಿಂದ ಮನೆಯ ದೀಪ ಹಚ್ಚಬೇಕೆಂಬ ಕನಸು ಇಲ್ಲಿ ಮರಗಳ ನೆರಳಿನಲ್ಲಿ ಕುಳಿತಿತ್ತು. ಇನ್ನು ಯಲಹಂಕ, ದೊಡ್ಡಬಳ್ಳಾಪುರ ದಾಟಿ ಹಿಂದೂಪುರದ ರೈಲುದಾರಿ ಹಿಡಿದರೆ ಗೌರಿಬಿದನೂರು. ಅಲ್ಲಿ ಭಾಭಾ ಸಂಶೋಧನಾ ಕೇಂದ್ರದವರು 1965ರಿಂದ ಹೊಲಗಳ ನಡುವೆ ಭೂಕಂಪಮಾಪಕಗಳನ್ನಿಟ್ಟು, ಜಗತ್ತಿನ ಯಾವ ಮೂಲೆಯಲ್ಲಿ ಅಣುಬಾಂಬನ್ನು ನೆಲದೊಳಗೆ ಸಿಡಿಸಿದರೂ ಅದರ ನಡುಕವನ್ನು ಆಲಿಸುತ್ತಾರೆ. ಮುಳ್ಳುಹುರುಳಿಯ ಹೊಲದಲ್ಲಿ ಪ್ರಪಂಚದ ಗುಂಡಿಗೆಗೆ ಕಿವಿಗೊಟ್ಟು ಕುಳಿತ ಆ ಯಂತ್ರಗಳನ್ನು ನೆನೆದಾಗಲೆಲ್ಲ ನನಗೆ ಗೌರವವೂ ಆಗುತ್ತದೆ, ಮೈ ಜುಮ್ಮೂ ಎನ್ನುತ್ತದೆ.

ನಮ್ಮ ನಾಡಿಗೆ ಅಣುವಿದ್ಯುತ್ತು ಬಂದದ್ದು ಕಾರವಾರದ ಹಿಂದಿನ ಕಾಡಿನಲ್ಲಿ, ಕಾಳಿಯ ದಡದ ಕೈಗಾದಲ್ಲಿ. ಅದರ ವಾದವಿವಾದ ಹಿರಿಯ ವಾಚಕರಿಗೆ ನೆನಪಿರಬೇಕು. ಒಂದು ಕಡೆ ರಾಜಾ ರಾಮಣ್ಣನವರು, ತುಮಕೂರಿನಲ್ಲಿ ಹುಟ್ಟಿದವರು, ಪರಮಾಣು ಶಕ್ತಿ ಆಯೋಗದ ಅಧ್ಯಕ್ಷರಾಗಿದ್ದವರು, ಪಿಯಾನೋ ನುಡಿಸುವವರು. ಇನ್ನೊಂದು ಕಡೆ ಶಿವರಾಮ ಕಾರಂತರು, ಯಕ್ಷಗಾನ ಕುಣಿದವರು, ಎಂಬತ್ತೇಳನೆಯ ವಯಸ್ಸಿನಲ್ಲಿ ಈ ವಿಷಯಕ್ಕಾಗಿಯೇ 1989ರ ಲೋಕಸಭಾ ಚುನಾವಣೆಗೆ ನಿಂತು ಸೋತವರು. ಇಬ್ಬರೂ ಸುಳ್ಳು ಹೇಳುವ ಜನರಲ್ಲ. ಇಬ್ಬರೂ ಒಂದೇ ಭಾಷೆಯವರು. ಅದೇ ನನಗೆ ಕಷ್ಟವಾದದ್ದು. ಒಬ್ಬರು ಠಕ್ಕರಾಗಿದ್ದರೆ ಎಷ್ಟು ಸುಲಭವಾಗುತ್ತಿತ್ತು!

ಆ ದಿನಗಳಲ್ಲಿ ನಮ್ಮ ವಿಭಾಗದ ಸಹೋದ್ಯೋಗಿಯೊಬ್ಬ ಒಂದು ಹಾಳೆಯನ್ನು ಮೇಜಿನಿಂದ ಮೇಜಿಗೆ ತಂದ. ಕೈಗಾ ಬೇಡವೆಂಬ ಮನವಿ, ಕೆಳಗೆ ಸಹಿಗಳು. ನಾನು ಎರಡು ಸಲ ಓದಿದೆ. “ನನಗೆ ಈ ವಿಷಯ ತಿಳಿಯದಪ್ಪ, ತಿಳಿಯದ ವಿಷಯಕ್ಕೆ ಸಹಿ ಹಾಕುವವನಲ್ಲ” ಎಂದು ಹಿಂದಿರುಗಿಸಿದೆ. ಲೆಕ್ಕಪತ್ರದವನಿಗೆ ಇದು ಭೂಷಣವಾದ ಮಾತು. ಆತ ತಲೆಯಾಡಿಸಿ ಮುಂದಿನ ಮೇಜಿಗೆ ಹೋದ. ಆಗ ದಿನಾ ಸಂಜೆ ವಿದ್ಯುತ್ ಕಡಿತ; ನನ್ನ ಮಗಳಿಗೆ ಎಸ್ಸೆಸ್ಸೆಲ್ಸಿ ವರ್ಷ; ಮೇಣದ ಬತ್ತಿಯ ಮುಂದೆ ಕುಳಿತು ಅವಳ ಕಣ್ಣು ಕೆಂಪಗಾಗುತ್ತಿತ್ತು. ಇದನ್ನು ನಾನು ಸಹೋದ್ಯೋಗಿಗೆ ಹೇಳಲಿಲ್ಲ. ತಿಳಿಯದು ಎಂಬುದು ನಿಜ. ಅದೇ ಕಾರಣ ಎಂಬುದು ಮಾತ್ರ ಪೂರ್ತಿ ನಿಜವಲ್ಲ.

ಚಿತ್ರ ಮುಗಿದ ಮೇಲೆ ಚರ್ಚೆಯಿತ್ತು. ಕನ್ನಡಕದ ತರುಣಿಯೊಬ್ಬಳು, “ಇವನ್ನು ಊರಿನಿಂದ ದೂರ, ಜನ ಕಡಮೆ ಇರುವ ಕಡೆ ಕಟ್ಟುತ್ತಾರೆ. ಅಪಾಯವಿಲ್ಲವಾದರೆ ಹೆಬ್ಬಾಳದಲ್ಲಿ ಏಕೆ ಕಟ್ಟಬಾರದು?” ಎಂದು ಕೇಳಿದಳು. ಎಲ್ಲರೂ ನಕ್ಕರು. ಈ ಮಾತು ಹೊಸದಲ್ಲ. ಉತ್ತರವೂ ಹೊಸದಲ್ಲ: ಒಂದು ಪಕ್ಷ ಅನಾಹುತವಾದರೆ ತೊಂದರೆಗೀಡಾಗುವವರು ಕಡಮೆಯಾಗಿರಲಿ ಎಂದು ನಿಯಮ ಹಾಗಿದೆ. ಲೆಕ್ಕದವನಾಗಿ ನಾನು ಈ ಲೆಕ್ಕವನ್ನು ತಪ್ಪೆನ್ನಲಾರೆ. ಒಂದು ಕೋಟಿಗಿಂತ ಒಂದು ಸಾವಿರ ಸಣ್ಣದು. ಆದರೆ ಕೂಡಿಸಿ ಕಳೆಯುವ ಪೆನ್ಸಿಲು ಯಾವಾಗಲೂ ಕೋಟಿಯವರ ಕೈಯಲ್ಲಿರುತ್ತದೆ. ಸಾವಿರದವರ ಕೈಗೆ ಒಮ್ಮೆ ಕೊಟ್ಟು, “ಈಗ ನೀವು ಕೂಡಿ” ಎಂದಿದ್ದರೆ, ಅವರೂ ಅದೇ ಮೊತ್ತಕ್ಕೆ ಬರುತ್ತಿದ್ದರೋ ಏನೋ. ನನ್ನ ಮಾವನವರು, “ನಾಡಿಗೆ ಬೆಳಕಾಗುವುದಾದರೆ ಆಗಲಿ” ಎಂದು ಲಿಂಗನಮಕ್ಕಿಯ ಕಾಲದಲ್ಲಿ ಅಂದಿದ್ದರಂತೆ. ಕೇಳದೆಯೇ ಕಸಿದುಕೊಂಡ ಮೇಲೆ ಹೇಳಿದ ಆ ಮಾತಿಗೆ ಬೆಲೆಯೇನು? ಒಂದು ದಿನ ಮೊದಲು ಕೇಳಿದ್ದರೆ ಅದೇ ದಾನವಾಗುತ್ತಿತ್ತು.

ಪಕ್ಕದಲ್ಲಿ ಕುಳಿತಿದ್ದ ವೃದ್ಧರೊಬ್ಬರು ಆಗ ಎದ್ದರು. ದೊಡ್ಡ ದೊಡ್ಡ ಕಟ್ಟಡಗಳ ಕಾಂಕ್ರೀಟು ಕೆಲಸದಲ್ಲಿ ಜೀವನ ಸವೆಸಿದವರಂತೆ. ಅವರು ವಾದಕ್ಕೆ ಇಳಿಯಲಿಲ್ಲ. “ಗುಡಿ ಕಟ್ಟಿದ ಶಿಲ್ಪಿ ಮುದುಕನಾದ ಮೇಲೆ ಬಂದು ಕಂಬ ಸವರಬಹುದು. ರಿಯಾಕ್ಟರಿನ ಒಳಕೋಣೆಯನ್ನು ಕಟ್ಟಿದವನು ಮತ್ತೆ ಅದರೊಳಗೆ ಕಾಲಿಡುವಂತಿಲ್ಲ. ಈ ಚಿತ್ರದಲ್ಲಿ ಒಳಗೆ ನಿಂತು ಕರಣೆ ಆಡಿಸಿದರಲ್ಲ, ಅವರ ಕೆಲಸವನ್ನು ಕಂಡ ಕೊನೆಯ ಕಣ್ಣು ಈ ಕ್ಯಾಮೆರಾದ್ದೇ” ಎಂದರು. ಸಭೆ ಸ್ತಬ್ಧವಾಯಿತು. ಕೂರುವಾಗ, “ಒಂದೇ ಕೊರತೆ. ಇದರಲ್ಲಿ ಏನೂ ಕೆಳಗೆ ಬೀಳುವುದಿಲ್ಲ” ಎಂದು ಸೇರಿಸಿದರು.

ಆ ಕೊನೆಯ ಮಾತು ನನ್ನನ್ನು ಕೈಗಾಕ್ಕೆ ಕೊಂಡೊಯ್ದಿತು. 1994ರ ಮೇ 13ರಂದು, ಇನ್ನೂ ಕಟ್ಟುತ್ತಿದ್ದ ಮೊದಲನೆಯ ಸ್ಥಾವರದ ಒಳಗುಮ್ಮಟದ ತಳಪದರ ಕಳಚಿ, ನೂರು ಟನ್ನಿಗಿಂತ ಹೆಚ್ಚಿನ ಕಾಂಕ್ರೀಟು ಕೆಳಗೆ ಬಿತ್ತು. ಯಾವುದು ಅನಾಹುತವನ್ನು ಒಳಗೇ ಹಿಡಿದಿಡಬೇಕೋ ಅದೇ ಬಿತ್ತು. ಕೆಲವರಿಗೆ ಪೆಟ್ಟಾಯಿತು, ಪುಣ್ಯವಶಾತ್ ಜೀವಹಾನಿಯಾಗಲಿಲ್ಲ, ಇಂಧನವನ್ನೂ ಇನ್ನೂ ತುಂಬಿರಲಿಲ್ಲ. ಏಕೆ ಬಿತ್ತೆಂದು ಶೋಧಿಸಿ, ನಕ್ಷೆ ತಿದ್ದಿ, ಮತ್ತೆ ಕಟ್ಟಿದರು. 2000ದಲ್ಲಿ ಮೊದಲೆರಡು ಸ್ಥಾವರಗಳು ನಡೆಯತೊಡಗಿದವು. ಆ ಬಿದ್ದ ಗುಮ್ಮಟದ ಸ್ಥಾವರವೇ 2016ರ ಮೇ 13ರಿಂದ ಪ್ರಾರಂಭಿಸಿ 962 ದಿನ ಒಂದೇ ಸಮನೆ ನಡೆದು ಆಗಿನ ಜಗತ್ತಿನ ದಾಖಲೆಯನ್ನು ಮುರಿಯಿತು. ಬಿದ್ದ ತಾರೀಖೂ ಓಟ ಹಿಡಿದ ತಾರೀಖೂ ಒಂದೇ! ಪಂಚಾಂಗದವರು ಏನು ಹೇಳುತ್ತಾರೋ ಕಾಣೆ. ದಾಖಲೆಯನ್ನು ಹೇಳುವವರು ಗುಮ್ಮಟವನ್ನು ಹೇಳುವುದಿಲ್ಲ. ಗುಮ್ಮಟವನ್ನು ಹೇಳುವವರು ದಾಖಲೆಯನ್ನು ಹೇಳುವುದಿಲ್ಲ. 2009ರ ನವೆಂಬರಿನಲ್ಲಿ ಅಲ್ಲಿಯ ಕುಡಿಯುವ ನೀರಿನ ಪೆಟ್ಟಿಗೆಗೆ ಯಾರೋ ಒಳಗಿನವರೇ ಟ್ರಿಟಿಯಮ್ ಬೆರೆತ ಭಾರಜಲವನ್ನು ಸೇರಿಸಿ, ಹಲವು ನೌಕರರ ಮೈಗೆ ಅದು ಸೇರಿತೆಂದು ಸುದ್ದಿಯಾಯಿತು. ಕಾಂಕ್ರೀಟನ್ನು ತಿದ್ದಬಹುದು, ಮನುಷ್ಯನ ಮನಸ್ಸಿಗೆ ಯಾವ ನಕ್ಷೆ? ಗುಮ್ಮಟವನ್ನೂ ನೀರಿನ ಪೆಟ್ಟಿಗೆಯನ್ನೂ 962 ದಿನಗಳನ್ನೂ ಒಂದೇ ಸುರುಳಿಯಲ್ಲಿ ತೋರಿಸುವ ಚಿತ್ರವಿದ್ದರೆ, ಬಹುಶಃ ನಾನು ಅದಕ್ಕೆ ಇನ್ನೂ ಜೋರಾಗಿ ಚಪ್ಪಾಳೆ ತಟ್ಟಿಯೇನು. ಎಂದೂ ಎಡವದವರ ಕೈಗೆ ಮಗುವನ್ನು ಕೊಡಲು ನನಗೇಕೋ ಅಂಜಿಕೆ.

ಇನ್ನು ಉಳಿಕೆಯ ಮಾತು. ಇಂಥ ಸ್ಥಾವರಗಳಲ್ಲಿ ಉಂಟಾಗುವ ಪ್ಲುಟೋನಿಯಮ್ಮಿನ ಒಂದು ಬಗೆ ಅರ್ಧ ಕ್ಷಯಿಸಲು 24 ಸಾವಿರ ವರ್ಷ ಬೇಕೆಂದು ಭೌತಶಾಸ್ತ್ರದವರು ಹೇಳುತ್ತಾರೆ. ಹಲ್ಮಿಡಿಯ ಶಾಸನದಿಂದ ಇಂದಿಗೆ ಸುಮಾರು ಸಾವಿರದಾರುನೂರು ವರ್ಷ; ಅಷ್ಟರಲ್ಲೇ ಅದರ ಕನ್ನಡ ನಮಗೆ ಅರ್ಥವಾಗದು. ಇನ್ನೂ ಹುಟ್ಟದವರನ್ನು ಕೇಳಿ ಕೆಲಸ ಮಾಡುವುದು ಸಾಧ್ಯವಿಲ್ಲ, ನಿಜ. ಕಲ್ಲಿದ್ದಲನ್ನು ಸುಡುವಾಗಲೂ ಅವರನ್ನು ಯಾರೂ ಕೇಳಿದ್ದಿಲ್ಲ. ಅದರ ಹೊಗೆಯೂ ಅವರ ಆಕಾಶಕ್ಕೇ ಹೋಗಿದೆ. ಹೀಗಾಗಿ ಕೈಗಾ ಬೇಡ, ರಾಯಚೂರು ಇರಲಿ ಎಂದು ಸಹಿ ಹಾಕಿದವರೂ ಯಾರದೋ ಪರವಾಗಿ ಸಹಿ ಹಾಕಿದವರೇ. ಇದನ್ನು ನಾನು ಸಮಾಧಾನಕ್ಕಾಗಿ ಹೇಳುತ್ತಿಲ್ಲ. ನನಗೆ ಇದರಿಂದ ಸಮಾಧಾನವಾಗಿಯೂ ಇಲ್ಲ. ಕೈಗಾದಲ್ಲಿ ಈಗ 220 ಮೆಗಾವಾಟಿನ ನಾಲ್ಕು ಸ್ಥಾವರಗಳಿವೆ. 700 ಮೆಗಾವಾಟಿನ ಇನ್ನೆರಡನ್ನು ಅಲ್ಲಿಯೇ ಕಟ್ಟಲು ನಿರ್ಧಾರವಾಗಿದೆ. ಅವುಗಳ ಚಿತ್ರವನ್ನೂ ಯಾರಾದರೂ ತೆಗೆಯುತ್ತಾರೆ. ಮೊದಲ ನೋಟದಲ್ಲಿ ಏನನ್ನು ತೋರಿಸುತ್ತಾರೋ ನೋಡಬೇಕು.

ಸಭೆ ಮುಗಿದಾಗ ಕತ್ತಲಾಗಿತ್ತು. ಬಸ್ಸಿನಲ್ಲಿ ಕಿಟಕಿಯ ಪಕ್ಕ ಅವಳು ಕುಳಿತಳು. ವಿಜ್ಞಾನ ಮಂದಿರದ ಉದ್ದನೆಯ ಗೋಡೆ, ಅದರ ಹಿಂದಿನ ಮರಗಳು ಸರಿದು ಹೋದವು. ಅಂಗಡಿಗಳ ಬೆಳಕು ಅವಳ ಮುಖದ ಮೇಲೆ ಬಂದು ಬಂದು ಹೋಗುತ್ತಿತ್ತು. ಬಹಳ ಹೊತ್ತು ಇಬ್ಬರೂ ಮಾತನಾಡಲಿಲ್ಲ. ಆಮೇಲೆ, ನಾಳೆಗೆ ಹಾಲು ಎಷ್ಟು ಎಂದು ಕೇಳುವ ಧ್ವನಿಯಲ್ಲೇ ಅವಳು ಕೇಳಿದಳು: “ಆಗ ನಿಮ್ಮ ಆಫೀಸಿನಲ್ಲಿ ಕೈಗಾದ ಕಾಗದ ಬಂದಿತ್ತು ಅಂದಿದ್ದಿರಲ್ಲ. ನೀವು ಸಹಿ ಹಾಕಿದಿರಾ?”

ಮೂವತ್ತೈದು ವರ್ಷಗಳಲ್ಲಿ ಅವಳು ಇದನ್ನು ಕೇಳಿದ್ದು ಅದೇ ಮೊದಲು.

“ಇಲ್ಲ” ಎಂದೆ.

ಅವಳು, “ಹೂಂ” ಎಂದು ಕಿಟಕಿಯ ಕಡೆ ತಿರುಗಿದಳು. ಬಸ್ಸು ಮೇಖ್ರಿ ವೃತ್ತದ ಹತ್ತಿರ ಬಂದು ನಿಂತಿತ್ತು. ಮುಂದೆ ವಾಹನಗಳ ಸಾಲು, ಒಂದೊಂದಕ್ಕೂ ಎರಡೆರಡು ಕೆಂಪು ದೀಪ.